ಸೈಡ್‌ವಿಂಗಿನ ಹಿಂದೆ ತಾಯಮ್ಮ

ಚಿಕ್ಕಬೈರಪ್ಪನವರ ಸೊಸೆಯನ್ನು ನೀವು ಸಿನಿಮಾದಲ್ಲಿ ನೋಡಿರುತ್ತೀರಿ, ಇಂಥವಳೆಂದು ಗೊತ್ತಿರುವುದಿಲ್ಲ ಅಷ್ಟೆ. ಬ್ರಿಟಿಷರ ಕಾಲದ ಕಥೆಯಾದರೆ ಬಂಗಲೆಯ ಮೆಟ್ಟಿಲ ಮೇಲೆ ಕೊಡೆ ಹಿಡಿದು ನಿಂತ ದೊರೆಸಾನಿ ಅವಳೇ. ನಾಯಕ ಬಾಗಿಲು ಒದ್ದು ಒಳಗೆ ನುಗ್ಗಿದಾಗ ಕೈಲಿದ್ದ ಪಿಂಗಾಣಿ ಬಟ್ಟಲು ಬೀಳಿಸುವವಳೂ ಅವಳೇ. ಈಗಿನ ಕಾಲದ ಕಥೆಯಾದರೆ ವಿಮಾನದಲ್ಲಿ ನಾಯಕನ ಪಕ್ಕದ ಸೀಟಿನಲ್ಲಿ ಕೂತು ನಗುತ್ತಾಳೆ. ಹನ್ನೆರಡು ವರ್ಷದಲ್ಲಿ ಹತ್ತೊಂಬತ್ತು ಚಿತ್ರ. ಒಂದರಲ್ಲೂ ಅವಳ ದನಿ ಕೇಳಿಸಿಲ್ಲ.

ಹೆತ್ತವರು ಇಟ್ಟ ಹೆಸರು ತೈಸಿಯಾ. ತಾಯಾ ಎಂದು ಕರೆಯುತ್ತಿದ್ದರಂತೆ. ನಮ್ಮೂರಿಗೆ ಬಂದ ಮಾರನೆಯ ದಿನವೇ ಅತ್ತೆ ಅಂಜಿನಮ್ಮ ಅದಕ್ಕೆ ಒಂದು ಅಮ್ಮ ಸೇರಿಸಿ ತಾಯಮ್ಮ ಮಾಡಿದಳು. ಹುಟ್ಟಿದ್ದು ರಷ್ಯಾ ದೇಶದಲ್ಲಿ, ವೋಲ್ಗಾ ಎಂಬ ದೊಡ್ಡ ಹೊಳೆಯ ದಂಡೆಯ ಒಂದು ಊರಿನಲ್ಲಿ. ಚಳಿಗಾಲದಲ್ಲಿ ಆ ಹೊಳೆ ಕಲ್ಲುಗಟ್ಟುತ್ತದೆ, ಅದರ ಮೇಲೆ ಜನ ನಡೆದುಕೊಂಡೇ ಆಚೆ ದಡಕ್ಕೆ ಹೋಗುತ್ತಾರೆ ಎಂದು ಅವಳು ಹೇಳಿದಾಗ ಅಂಜಿನಮ್ಮ, "ಸುಳ್ಳಾದ್ರೂ ವಸಿ ನಂಬಂಗೆ ಯೋಳವ್ವ" ಎಂದಿದ್ದಳು.

ಆ ಊರಿನಲ್ಲಿ ಸರ್ಕಾರದ ನಾಟಕಶಾಲೆಯಿತ್ತು. ತಾಯಾ ನಾಲ್ಕು ವರ್ಷ ನಟನೆ ಕಲಿತು ಅಲ್ಲಿ ಕೆಲಸಕ್ಕೆ ಸೇರಿದಳು. ಮೊದಲ ವರ್ಷ ಮಕ್ಕಳ ಆಟದಲ್ಲಿ ನರಿ, ಎರಡನೆಯ ವರ್ಷ ಮಾತಿಲ್ಲದ ದಾಸಿ. ದನಿ ಗಂಭೀರವಾದದ್ದು, ಅಡಿಯಲ್ಲಿ ಬಂಡೆಯಿರುವ ನೀರಿನ ಹಾಗೆ. ಅದಕ್ಕೇ ಇಪ್ಪತ್ತಾರು ತುಂಬುವ ಮೊದಲೇ ಮುದುಕಿಯರ ಪಾತ್ರ ಸಿಗತೊಡಗಿತು. ಅದಕ್ಕೆ ಅವಳಿಗೆ ಬೇಸರವಿರಲಿಲ್ಲ. "ಹುಡುಗಿ ಪಾತ್ರದಲ್ಲಿ ಚೆಂದ ಕಾಣ್ಬೇಕು ಮೇಷ್ಟ್ರೇ, ಮುದುಕಿ ಪಾತ್ರದಲ್ಲಿ ಮಾತಾಡ್ಬೇಕು" ಎಂದು, ಊರಿನವರಿಗೆ ನಾಟಕ ಕಲಿಸುವ ನನಗೆ ಹೇಳಿದ್ದಳು. ಅಲ್ಲಿಯೇ ಎರಡು ಸಿನಿಮಾದಲ್ಲೂ ಮಾಡಿದಳು, ಚಿಕ್ಕ ಪಾತ್ರ, ಆದರೆ ಮಾತಿದ್ದ ಪಾತ್ರ.

ಚಿಕ್ಕಬೈರಪ್ಪನವರ ಮಗ ದೇವರಾಜ ಡಾಕ್ಟರಾಗಲು ಅದೇ ಊರಿಗೆ ಹೋಗಿದ್ದ. ಓದು ಮುಗಿಯುವ ಹೊತ್ತಿಗೆ ಮದುವೆಯೂ ಮುಗಿದಿತ್ತು. ಹೊರದೇಶದಲ್ಲಿ ಓದಿದವರು ಇಲ್ಲಿ ಬಂದು ಇನ್ನೊಂದು ಪರೀಕ್ಷೆ ಕಟ್ಟಬೇಕು. ದೇವರಾಜ ಮೂರು ಸಲ ಕಟ್ಟಿದ, ಮೂರು ಸಲವೂ ದಾಟಲಿಲ್ಲ. ಊರವರು ಆಗಲೇ ಡಾಕ್ಟ್ರೇ ಎನ್ನುತ್ತಿದ್ದರು, ನಾಲ್ಕನೆಯ ವರ್ಷದಿಂದ ಅದನ್ನೇ ಅಣಕಿಸಿ ಎನ್ನತೊಡಗಿದರು. ಈಗ ಅವನು ಅಪ್ಪನ ಜಮೀನಿನಲ್ಲೆದ್ದ ಬಾಡಿಗೆ ಕೋಣೆಗಳ ನೀರು, ಕರೆಂಟು, ಕಸ ನೋಡಿಕೊಳ್ಳುತ್ತಾನೆ. ವೈಟ್‌ಫೀಲ್ಡಿನ ಕಂಪನಿಗಳಿಗೆ ಹೋಗುವ ಹುಡುಗರು ಎಂಬತ್ತು ಮಂದಿ ಅಲ್ಲಿದ್ದಾರೆ. ಬೋರ್‌ವೆಲ್ ಮೋಟಾರು ಕೆಟ್ಟರೆ ಡಾಕ್ಟರಿಗೇ ಫೋನು.

ಒಂದೆರಡು ವರ್ಷ, ಆಮೇಲೆ ವಾಪಸ್ಸು ಎಂದುಕೊಂಡೇ ತಾಯಮ್ಮ ಬಂದಿದ್ದು. ಅಷ್ಟರಲ್ಲಿ ಮಗಳು ಬಿಂದುಶ್ರೀ ಹುಟ್ಟಿದಳು. ಅಲ್ಲಿ ಅವ್ವ ತೀರಿಕೊಂಡಳು, ನಾಟಕಶಾಲೆಯವರು ಅವಳ ಜಾಗಕ್ಕೆ ಬೇರೆಯವಳನ್ನು ತೆಗೆದುಕೊಂಡರು, ಆಮೇಲೆ ಯುದ್ಧ ಬಂತು. ಒಂದು ಸಲ ಅಂಜಿನಮ್ಮ, "ಒಂದ್ಕಿತ ಓಗ್ ಬಾರವ್ವ ತವರಿಗೆ" ಎಂದಾಗ, "ಓಗಾಕೆ ದಾರಿ ಐತೆ ಅತ್ತೆ, ಇಳಿಯಾಕೆ ಮನೆ ಇಲ್ಲ" ಎಂದಳಂತೆ.

ಹೌದು, ಹೀಗೇ ಮಾತಾಡುತ್ತಾಳೆ. ಊರಿಗೆ ಬಂದವಳು ನೀರಿಗೆ ಬಾರದಿರುತ್ತಾಳೆಯೇ? ಕನ್ನಡವನ್ನು ಪುಸ್ತಕದಿಂದಲ್ಲ, ಅತ್ತೆಯ ಬಾಯಿಂದ ಕಲಿತವಳು. ಬಚ್ಚಲೊಲೆಗೆ ಉರಿ ಹಾಕುತ್ತ, ಅವರೆಕಾಯಿ ಬಿಡಿಸುತ್ತ ಕಲಿತದ್ದು. ಓದಲು ಬರೆಯಲು ಮಾತ್ರ ಮಗಳ ಜೊತೆ ಕೂತು ಕಲಿತಳು. ಸಿನಿಮಾದಲ್ಲಿ ಅವಳಿಗೆ ಕಂಟಕವಾದದ್ದೂ ಈ ಕನ್ನಡವೇ.

ಸಿನಿಮಾಗಳಿಗೆ ಬಿಳಿಯ ಜನರನ್ನು ಒದಗಿಸುವ ಮಲ್ಲಿಕ್ ಎಂಬೊಬ್ಬನಿದ್ದಾನೆ. ಬೆಳಗ್ಗೆ ಕಾರು ಕಳಿಸುತ್ತಾನೆ, ಸಂಜೆ ತಂದು ಬಿಡುತ್ತಾನೆ. ಒಂದು ಚಿತ್ರದಲ್ಲಿ ದೊರೆಸಾನಿಗೆ ನಾಲ್ಕು ಸಾಲು ಮಾತಿದೆ ಎಂದು ಗೊತ್ತಾಗಿ ಇವಳು ನಿರ್ದೇಶಕರ ಮುಂದೆ ಹೋಗಿ ನಿಂತಳು. ಆ ನಾಲ್ಕು ಸಾಲು ಅಂದಳು. ನಿರ್ದೇಶಕರು ಕೈ ಮುಗಿದರಂತೆ.

"ಮೇಡಂ, ನಿಮ್ಮ ಕನ್ನಡ ನನಗಿಂತ ಚೆನ್ನಾಗಿದೆ. ಅದೇ ಪ್ರಾಬ್ಲಂ. ದೊರೆಸಾನಿ ರಾಗಿಮುದ್ದೆ ತಿಂದೋಳ ತರ ಮಾತಾಡಿದ್ರೆ ಥಿಯೇಟರಲ್ಲಿ ನಗ್ತಾರೆ."

"ತಪ್ಪು ತಪ್ಪಾಗಿ ಮಾತಾಡ್ತೀನಿ ಬುಡಿ" ಎಂದಳು ಇವಳು.

"ಅದು ನಿಮ್ಮ ಕೈಲಿ ಆಗಲ್ಲ."

ನಿಜವಾಗಿಯೂ ಆಗಲಿಲ್ಲ. ಜಯನಗರದ ಒಬ್ಬ ಹುಡುಗಿ ನಾಲಿಗೆ ತಿರುಚಿಕೊಂಡು ಆ ನಾಲ್ಕು ಸಾಲಿಗೆ ದನಿ ಕೊಟ್ಟಳು. ಕಾರಿನಲ್ಲಿ ಬರುವಾಗ ಮಲ್ಲಿಕ್, "ಯಾಕೆ ತಲೆ ಕೆಡಿಸ್ಕೋತೀರಾ ಮೇಡಂ, ಅವರಿಗೆ ಫೇಸು ಸಾಕು, ಸುಮ್ನೆ ನಿಂತ್ಕೊಂಡ್ ಬನ್ನಿ" ಎಂದನಂತೆ.

ಇನ್ನು ನಮ್ಮೂರ ನಾಟಕದ ವಿಷಯ. ನಮ್ಮ ಗುರುಗಳು ಬರೆದು ಕಲಿಸಿದ್ದು. ಬೇರೆ ಎಲ್ಲೂ ಆಡುವುದಿಲ್ಲ. ಒಬ್ಬ ಪಾಳೇಗಾರ ಶತ್ರುಗಳ ದಂಡನ್ನು ಮುಳುಗಿಸಲು ತನ್ನದೇ ಕೆರೆಯ ಏರಿ ಒಡೆಸುತ್ತಾನೆ. ದಂಡಿನ ಜೊತೆ ಕೆಳಗಿನ ಹಟ್ಟಿಗಳೂ ಮುಳುಗುತ್ತವೆ. ಗೆದ್ದು ಬಂದವನು ಹೆತ್ತ ತಾಯಿಯ ಕಾಲಿಗೆ ಬೀಳುತ್ತಾನೆ. ತಾಯಿ ಅವನನ್ನು ಎತ್ತುವುದಿಲ್ಲ. ಮಗ ಪಾದದ ಮೇಲೆ ತಲೆಯಿಟ್ಟು ಬಿದ್ದಿರುವ ಹಾಗೆಯೇ ಅವಳು ಮುಕ್ಕಾಲು ಗಂಟೆ ಮಾತಾಡುತ್ತಾಳೆ. ನಾಟಕವೆಂದರೆ ಆ ಮುಕ್ಕಾಲು ಗಂಟೆ. ಮಿಕ್ಕಿದ್ದೆಲ್ಲ ಅದಕ್ಕೆ ಹಾಸಿದ ಚಾಪೆ. ಮೊದಲು ಇದನ್ನು ರಾತ್ರಿಯಿಡೀ ಆಡುತ್ತಿದ್ದೆವು. ಸುತ್ತ ಅಪಾರ್ಟ್‌ಮೆಂಟು ಎದ್ದ ಮೇಲೆ ಅವರು ಮೈಕಿನ ಸದ್ದಿಗೆ ಪೊಲೀಸರನ್ನು ಕರೆಯತೊಡಗಿದ್ದರಿಂದ ಈಗ ಭಾನುವಾರ ಹಗಲಿನಲ್ಲಿ ಆಡುತ್ತೇವೆ.

ಗಂಡುಪಾತ್ರಗಳನ್ನು ಊರ ಗಂಡಸರು ಕಟ್ಟುತ್ತಾರೆ. ಹೆಣ್ಣುಪಾತ್ರಕ್ಕೆ ಹೊರಗಿನಿಂದ ಕಲಾವಿದೆಯರನ್ನು ಕರೆಸುತ್ತೇವೆ. ಪಾಳೇಗಾರನ ಪಾತ್ರ ಮಾತ್ರ ಚಿಕ್ಕಬೈರಪ್ಪನವರ ಮನೆತನದ್ದು. ಅದರ ಕತ್ತಿ, ಮರಕ್ಕೆ ತಗಡು ಹೊಡೆದದ್ದು, ಅವರ ದೇವರ ಕೋಣೆಯಲ್ಲಿರುತ್ತದೆ. ಇಪ್ಪತ್ತೆರಡು ವರ್ಷದಿಂದ ಅದನ್ನು ಸೊಂಟಕ್ಕೆ ಕಟ್ಟುತ್ತಿದ್ದವರು ಚಿಕ್ಕಬೈರಪ್ಪನವರೇ. ತಾಲೀಮು ನಡೆಯುವುದೂ ಅವರ ಪಡಸಾಲೆಯಲ್ಲೇ.

ತಾಯಮ್ಮ ಮೊದಲ ಎರಡು ವರ್ಷ ಟೀ ತಂದು ಕೊಡುತ್ತ ಕೇಳಿಸಿಕೊಂಡಳು. ಮೂರನೆಯ ವರ್ಷ ಮಂತ್ರಿಯ ಪಾತ್ರದವನು ಮಾತು ಮರೆತು ತಡಬಡಿಸಿದಾಗ ಅಡಿಗೆಮನೆಯಿಂದ ಆ ಮಾತು ಬಂತು. ನಾನು ಹಾರ್ಮೋನಿಯಂ ನಿಲ್ಲಿಸಿ ತಿರುಗಿ ನೋಡಿದೆ. ಕೈಯೆಲ್ಲ ರಾಗಿಹಿಟ್ಟು ಮಾಡಿಕೊಂಡು ನಿಂತಿದ್ದಳು. ಆ ವರ್ಷದಿಂದ ಪರದೆಯ ಪಕ್ಕ, ಸೈಡ್‌ವಿಂಗಿನ ಹಿಂದೆ ಪುಸ್ತಕ ಹಿಡಿದು ಎಲ್ಲರಿಗೂ ಮಾತು ಎತ್ತಿಕೊಡುವ ಕೆಲಸ ಅವಳದಾಯಿತು. ಜನಕ್ಕೆ ಕಾಣುವುದಿಲ್ಲವಾದ್ದರಿಂದ ಯಾರೂ ಆಕ್ಷೇಪಿಸಲಿಲ್ಲ.

"ನಮ್ ಥೇಟರಿನಾಗೂ ಇಂಗೆ ಮಾತು ಕೊಡೋ ಒಬ್ಬ ಮುದುಕಿ ಇದ್ಲು ಮೇಷ್ಟ್ರೇ" ಎಂದಳು ಒಮ್ಮೆ. "ನಾವು ಉಡ್ಗೀರು ಅವಳನ್ನ ಆಡ್ಕಂಡು ನಗ್ತಿದ್ವಿ. ಅವಳೂ ನಟಿ ಆಗಾಕೇ ಬಂದಿದ್ಲಂತೆ. ಆಗ ನಂಗೆ ಗೊತ್ತಿರ್ನಿಲ್ಲ."

ಹೋದ ವರ್ಷ ತಾಲೀಮು ಶುರುವಾಗುವ ಮೊದಲು ಅವಳು ನನ್ನ ಮನೆಗೆ ಬಂದಳು. ತಾಯಿಯ ಪಾತ್ರ ತನಗೆ ಬೇಕು ಎಂದಳು. ಅಲ್ಲಿಯೇ, ನಮ್ಮ ಜಗುಲಿಯ ಮೇಲೆ, ಆ ಮುಕ್ಕಾಲು ಗಂಟೆಯ ಮಾತನ್ನು ಪುಸ್ತಕವಿಲ್ಲದೆ ಅಂದಳು. ನನ್ನ ಗುರುಗಳ ಬಾಯಲ್ಲಿ ಕೇಳಿದ ಮೇಲೆ ಆ ಮಾತಿಗೆ ಅಂಥ ತೂಕ ಬಂದದ್ದನ್ನು ನಾನು ಕೇಳಿರಲಿಲ್ಲ. ಎದುರು ಮನೆಯವರು ಯಾರೋ ಸತ್ತರೆಂದು ಓಡಿ ಬಂದರು.

ಹೆಣ್ಣುಮಕ್ಕಳು ರಂಗಕ್ಕೆ ಹತ್ತಬಾರದೆಂಬ ಮಾತು ಈಗ ಅಷ್ಟಾಗಿ ಉಳಿದಿಲ್ಲ. ತೊಡಕು ಬೇರೆಯೇ ಇತ್ತು. ಪಾಳೇಗಾರ ಮಾವ, ತಾಯಿ ಸೊಸೆ. ಸೊಸೆಯ ಪಾದದ ಮೇಲೆ ಮಾವ ತಲೆಯಿಟ್ಟು ಮುಕ್ಕಾಲು ಗಂಟೆ ಊರೆದುರು ಬಿದ್ದಿರಬೇಕು. ಆ ಮನೆಯಲ್ಲಿ ಅವಳು ಇವತ್ತಿಗೂ ಮಾವನ ಎದುರು ಕುರ್ಚಿಯ ಮೇಲೆ ಕೂರುವವಳಲ್ಲ. ನಾಟಕದಲ್ಲಿ ಇನ್ನೊಂದು ಹೆಣ್ಣುಪಾತ್ರವಿರುವುದು ದರ್ಬಾರಿನಲ್ಲಿ ಕುಣಿಯುವವಳದು, ಅದನ್ನು ಸೊಸೆಗೆ ಹೇಳಲು ಯಾರಿಗೆ ಬಾಯಿ ಬಂದೀತು?

ನಾನು ಅವಳ ಜೊತೆ ಹೋಗಿ ವಿಷಯ ಎತ್ತಿದೆ. ಅಂಜಿನಮ್ಮ ಮೊರ ಕೆಳಗಿಟ್ಟಳು.

"ಮಾವನ್ನ ಕಾಲಿಗೆ ಕೆಡವ್ಕಂಡು ನಿಂತ್ಕತಾಳಾ? ಭೂಮಿ ಬಾಯಿ ಬುಡಾಕಿಲ್ವಾ ಮೇಷ್ಟ್ರೇ?"

"ಅದು ನಾಟಕ ಅತ್ತೆ" ಎಂದಳು ತಾಯಮ್ಮ. "ಅಲ್ಲಿ ಅವ್ರು ಮಾವ ಅಲ್ಲ, ನಾನು ಸೊಸೆ ಅಲ್ಲ."

ಚಿಕ್ಕಬೈರಪ್ಪ ನಕ್ಕುಬಿಟ್ಟರು. "ಅಂಗಂತ ನಿಂಗೊತ್ತು, ನಂಗೊತ್ತು ಕಣವ್ವ. ಗೋಪಾಲಪ್ಪನ ಎಂಡ್ರಿಗೆ ಗೊತ್ತಾ?" ಗೋಪಾಲಪ್ಪ ಎಂದರೆ ನಮ್ಮ ನಾಟಕ ಮಂಡಳಿಯ ಅಧ್ಯಕ್ಷ. ಅವನ ಹೆಂಡತಿಯ ಬಾಯಿ ಊರಿಗೆಲ್ಲ ಗೊತ್ತು. ಆಮೇಲೆ ಅವರು ನಗು ನಿಲ್ಲಿಸಿದರು. "ನಾ ಬಿದ್ದೇನು, ನಂಗೇನು. ದೇವರಾಜ ನಾಕು ಜನದಾಗೆ ತಲೆ ಎತ್ತಾಕಾಯ್ತದಾ? ಈಗ್ಲೇ ಅವನ್ನ ಡಾಕ್ಟ್ರೇ ಅಂತಾವೆ ನಾಯಿಗಳು."

ದೇವರಾಜ ಬಾಗಿಲಲ್ಲಿ ನಿಂತಿದ್ದ. ಮೋಟಾರು ನೋಡಲು ಹೋದ.

ಅಲ್ಲಿಗೆ ಮುಗಿಯಿತು. ಆಮೇಲೆ ನಾನೂ ಅವಳೂ ಹೊರಗೆ ಬಂದಾಗ, "ಅಲ್ಲಿ ಮುಖ ಬೇಕು, ಮಾತು ಬ್ಯಾಡ. ಇಲ್ಲಿ ಮಾತು ಬೇಕು, ಮುಖ ಬ್ಯಾಡ. ನನ್ನ ಎರಡು ಭಾಗ ಮಾಡ್ಕಂಡ್ರಲ್ಲ ಮೇಷ್ಟ್ರೇ" ಎಂದಳು. ಅಳಲಿಲ್ಲ. ಮಗಳ ಸ್ಕೂಲ್ ಬಸ್ಸು ಬರುವ ಹೊತ್ತಾಗಿತ್ತು, ಹೋದಳು.

ಎಂದಿನಂತೆ ತಾಯಿಯ ಪಾತ್ರಕ್ಕೆ ಸುಮಂಗಲಾ ಎಂಬವಳನ್ನೇ ಗೊತ್ತುಮಾಡಿದೆವು. ಗದಗಿನ ಕಡೆಯವಳು, ಕಂಪನಿ ನಾಟಕದಲ್ಲಿ ಬೆಳೆದವಳು. ಈಗ ಚಂದಾಪುರದಲ್ಲಿ ಬಾಡಿಗೆ ಮನೆ ಮಾಡಿಕೊಂಡು ಊರೂರ ನಾಟಕಕ್ಕೆ ಹೋಗುತ್ತಾಳೆ. ಭಾನುವಾರ ಬೆಳಗ್ಗೆ ಬಂದವಳು ಬಣ್ಣದ ಕೋಣೆಯಲ್ಲಿ ಕೂತು ನನ್ನನ್ನು ಕೈಸನ್ನೆ ಮಾಡಿ ಕರೆದಳು. ಹಿಂದಿನ ದಿನ ಆನೇಕಲ್ಲಿನ ಕಡೆ ಒಂದು ನಾಟಕ ಮುಗಿಸಿ ಬಂದಿದ್ದಳು. ಗಂಟಲು ಪೂರಾ ಕಟ್ಟಿತ್ತು. ಬಿಸಿನೀರು, ಮೆಣಸು, ಜೇನುತುಪ್ಪ ಎಲ್ಲ ಆಯಿತು. ಮೊದಲ ಅಂಕವನ್ನು ಹೇಗೋ ಎಳೆದಳು. ಊಟದ ಬಿಡುವಿನ ಹೊತ್ತಿಗೆ ದನಿ ಸೊನ್ನೆ.

ಅವಳು ಸೈಡ್‌ವಿಂಗಿನ ಹಿಂದೆ ಬಂದು ತಾಯಮ್ಮನ ಕೈ ಹಿಡಿದಳು. ಪಿಸುಮಾತಿನಲ್ಲೇ ಹೇಳಿದಳು: "ಯಕ್ಕಾ, ದನಿ ಹೊಂಡವಲ್ದು ನೋಡ. ಆ ಮಾತು ನೀನ ಅಂದ್ಬಿಡ. ನಾ ಮುಂದ ನಿಂತು ತುಟಿ ಅಲ್ಲಾಡಸ್ತೀನಿ."

ತಾಯಮ್ಮ ನನ್ನ ಮುಖ ನೋಡಿದಳು. ನಾನು ಹಾರ್ಮೋನಿಯಮ್ಮಿನ ಮುಂದಿದ್ದ ಮೈಕನ್ನು ಕಿತ್ತು ಅವಳ ಕೈಗೆ ಕೊಟ್ಟೆ. ಬೇರೆ ದಾರಿಯಿರಲಿಲ್ಲ; ಇದ್ದಿದ್ದರೂ ಅದನ್ನೇ ಮಾಡುತ್ತಿದ್ದೆನೋ ಏನೋ.

ಚಿಕ್ಕಬೈರಪ್ಪ ಬಂದು ಸುಮಂಗಲಾಳ ಪಾದಕ್ಕೆ ಬಿದ್ದರು. ಅವರಿಗೆ ಈ ಏರ್ಪಾಡು ಗೊತ್ತಿರಲಿಲ್ಲ. ಪರದೆಯ ಹಿಂದಿನಿಂದ ಮಾತು ಬಂತು.

"ಏಳಬೇಡ ಮಗನೇ. ನೀರಿನೊಳಗೆ ಮಲಗಿದವರೆಲ್ಲ ಎದ್ದ ಮೇಲೆ ನೀನೇಳು."

ಬಿದ್ದವರ ಬೆನ್ನು ಒಂದು ಸಲ ಸೆಟೆಯಿತು. ಅದು ಯಾರ ದನಿ ಎಂದು ಅವರಿಗೆ ತಿಳಿಯದೆ ಇರುತ್ತದೆಯೇ? ದಿನಾ ಬೆಳಗ್ಗೆ ಕಾಫಿ ಬೇಕಾ ಮಾವ ಎಂದು ಕೇಳುವ ದನಿ. ಆದರೆ ಏಳಲಿಲ್ಲ. ಮುಕ್ಕಾಲು ಗಂಟೆ ಆ ದನಿ ಒಂದೊಂದೇ ಹಟ್ಟಿಯ ಹೆಸರು ಹೇಳಿತು, ಒಂದೊಂದೇ ಮನೆಯಲ್ಲಿ ಆ ದಿನ ಒಲೆಯ ಮೇಲೆ ಏನಿತ್ತು ಎಂದು ಹೇಳಿತು. ಸುಮಂಗಲಾಳ ತುಟಿ ಆಡುತ್ತಿತ್ತು, ಕೈ ಆಡುತ್ತಿತ್ತು, ಸ್ವಲ್ಪ ಹೊತ್ತಿನ ಮೇಲೆ ಅವಳ ಕಣ್ಣಲ್ಲಿ ನೀರೂ ಬಂತು. ಅಪಾರ್ಟ್‌ಮೆಂಟಿನ ಬಾಲ್ಕನಿಗಳಲ್ಲಿ ಜನ ನಿಂತರು. ಚಿಕ್ಕಬೈರಪ್ಪ ಬಿದ್ದ ಕಡೆ ಮುಖದ ಬಣ್ಣ ಕರಗಿ ಹಲಗೆಯ ಮೇಲೆ ಇಳಿದಿತ್ತು.

ಆಮೇಲೆ ಹಾರ, ಶಾಲು, ಒನ್ಸ್‌ಮೋರು. ಎಲ್ಲ ಸುಮಂಗಲಾಳಿಗೆ. ಅವಳು ಹಾರವನ್ನು ತೆಗೆದುಕೊಂಡು ಪರದೆಯ ಹಿಂದೆ ಬಂದಾಗ ತಾಯಮ್ಮ, "ನಂಗ್ಯಾಕೆ, ಕಣ್ಣೀರು ನಿಂದೇ ಅಲ್ವಾ" ಎಂದು ಅವಳ ಕೊರಳಿಗೇ ಮತ್ತೆ ಹಾಕಿದಳು. ಗೋಪಾಲಪ್ಪ ಬಣ್ಣದ ಕೋಣೆಗೆ ಬಂದು ತೊಡೆ ತಟ್ಟಿಕೊಂಡ. "ಸಕ್ಕತ್ತಾಯ್ತು ಮೇಷ್ಟ್ರೇ! ಇಂಗೇ ನಡೀಲಿ ಬುಡಿ ಪ್ರತಿ ವರ್ಸಾನೂ. ಮುಂದೆ ಅವಳು, ಇಂದೆ ಇವಳು. ಮಾನಾನೂ ಉಳೀತು, ನಾಟಕಾನೂ ಗೆಲ್ತು."

ತಾಯಮ್ಮ ಪುಸ್ತಕ ಮಡಿಸಿ ಚೀಲಕ್ಕೆ ಹಾಕುತ್ತಿದ್ದಳು. ಅವಳಿಗೂ ಕೇಳಿಸಿತು.

ವಾರ ಕಳೆದು ಚಿಕ್ಕಬೈರಪ್ಪ ನನ್ನ ಮನೆಗೆ ಬಂದರು. ನೀರು ಕೊಟ್ಟರೆ ಕುಡಿಯಲಿಲ್ಲ. "ಮೇಷ್ಟ್ರೇ, ನಾ ಆ ಪಾತ್ರದಾಗೆ ಇರೋವರ್ಗೂ ಅವಳು ಮುಂದಕ್ಕೆ ಬರಾಕಿಲ್ಲ. ಅಂತಾ ಗಂಟಲನ್ನ ಬಟ್ಟೆ ಇಂದೆ ಮಡಗಿದ್ದೀವಿ, ನಮಗೆ ಒಳ್ಳೇದಾಯ್ತದಾ? ನಾನೇ ಸರೀತೀನಿ. ಆ ಪಂಚಾಕ್ಷರಿ ಕಟ್ಲಿ." ಪಂಚಾಕ್ಷರಿ ನಮ್ಮ ಸ್ಕೂಲಿನ ಮೇಷ್ಟ್ರು, ಈಗ ಮಂತ್ರಿಯ ಪಾತ್ರ ಮಾಡುವವರು, ಒಳ್ಳೆಯ ಕಂಠ. ಮನೆಯ ಸಂಬಂಧವಿಲ್ಲ. ಅವರಾದರೆ ತಾಯಮ್ಮನ ಕಾಲಿಗೆ ಬಿದ್ದರೂ ಯಾರೂ ಮಾತಾಡುವಂತಿರಲಿಲ್ಲ.

ನನಗೆ ಖುಷಿಯಾಯಿತು. ಆ ಖುಷಿಯಲ್ಲಿ ನಾನೂ ಯೋಚಿಸಲಿಲ್ಲ, ಅವರೂ ಯೋಚಿಸಲಿಲ್ಲ. ಮುಂದಿನ ಅಮಾವಾಸ್ಯೆಯ ಪೂಜೆಗೆ ಊರು ಸೇರಿದ್ದಾಗ ಚಿಕ್ಕಬೈರಪ್ಪ ದೇವರ ಮುಂದೆ ಕತ್ತಿ ತಂದಿಟ್ಟರು. ಮಂಡಿ ನೋವು, ಇನ್ನು ನನ್ನ ಕೈಲಾಗದು, ಪಾತ್ರ ಬಿಟ್ಟಿದ್ದೇನೆ ಎಂದರು. ಹೆಂಗಸರ ಸಾಲಿನಲ್ಲಿ ಕೂತಿದ್ದ ತಾಯಮ್ಮನಿಗೆ ಆಗ ಅರ್ಥವಾಯಿತು. ಅವಳು ಎದ್ದು ನಿಂತಳು. ಅವಳ ಮುಖ ಅಷ್ಟು ಅರಳಿದ್ದನ್ನು ನಾನು ಹನ್ನೆರಡು ವರ್ಷದಲ್ಲಿ ನೋಡಿರಲಿಲ್ಲ.

"ಪಂಚಾಕ್ಷರಿ ಮೇಷ್ಟ್ರು ಎತ್ತಲಿ" ಎಂದರು ಚಿಕ್ಕಬೈರಪ್ಪ.

"ಅದೆಂಗಾಯ್ತದೆ ಬೈರಣ್ಣ?" ಎಂದ ಗೋಪಾಲಪ್ಪ. "ಮನೇಲಿ ಮಗ ಇರೋವಾಗ ಕತ್ತಿ ಮನೆ ದಾಟ್ತದಾ? ನಿಮ್ಮಪ್ಪ ತೀರ್ಕಂಡಾಗ ನೀನು ಎತ್ಲಿಲ್ವಾ? ಆವತ್ತು ನಿನ್ನ ದಾಯಾದಿಗಳು ಕೇಳ್ದಾಗ ನೀನೇ ಏನಂದೆ?"

ಆವತ್ತು ಅವರೇ ಹಾಗೆ ಅಂದಿದ್ದರು. ಇಪ್ಪತ್ತೆರಡು ವರ್ಷದ ಹಿಂದೆ, ಅದೇ ಜಾಗದಲ್ಲಿ, ಜೋರಾಗಿ. ಮಧ್ಯೆ ಒಮ್ಮೆಯೂ ಆ ಕಟ್ಟಳೆಯ ಅಗತ್ಯ ಬೀಳಲಿಲ್ಲವಾದ್ದರಿಂದ ಎಲ್ಲರಿಗೂ ಮರೆತಂತಾಗಿತ್ತು. ಇಟ್ಟ ಕೈಯೇ ಮತ್ತೆ ಎತ್ತುವಂತೆಯೂ ಇಲ್ಲ. ದೇವರಿಗೆ ಕೊಟ್ಟದ್ದನ್ನು ಕಿತ್ತುಕೊಂಡ ಹಾಗಾಗುತ್ತದೆ.

ಎಲ್ಲರೂ ದೇವರಾಜನ ಕಡೆ ನೋಡಿದರು. ಒಲ್ಲೆ ಎನ್ನಬಹುದಿತ್ತು. ಮಗನೇ ಒಲ್ಲೆ ಎಂದರೆ ಕತ್ತಿ ಬೇರೆಯವರಿಗೆ ಹೋಗುತ್ತದೆ, ಅದೂ ಕಟ್ಟಳೆಯೇ. ಅವನು ಹೆಂಡತಿಯ ಕಡೆ ನೋಡಿದ. ಅವಳು ತಲೆಯನ್ನು ಒಂದಿಷ್ಟೇ, ನನ್ನ ಹೊರತು ಯಾರಿಗೂ ಕಾಣದ ಹಾಗೆ, ಅಡ್ಡ ಆಡಿಸಿದಳು.

"ಏಳಪ್ಪ ಡಾಕ್ಟ್ರೇ" ಎಂದರು ಯಾರೋ. ಅಣಕವಿರಲಿಲ್ಲ ಈ ಸಲ. ಆ ಮಾತಿನಲ್ಲಿ ಅಣಕವಿಲ್ಲದೆ ಎಷ್ಟು ವರ್ಷವಾಗಿತ್ತೋ! ದೇವರಾಜ ಹೋಗಿ ಕತ್ತಿ ಎತ್ತಿಕೊಂಡ. ಊರು ಚಪ್ಪಾಳೆ ತಟ್ಟಿತು.

ತಾಯಮ್ಮ ಕೂತಳು. ಮಾವನ ಬದಲು ಈಗ ಗಂಡ. ಮಾವ ಕಾಲಿಗೆ ಬಿದ್ದರೆ ಭೂಮಿ ಬಾಯಿ ಬಿಡುತ್ತಿತ್ತು. ಕಟ್ಟಿಕೊಂಡ ಗಂಡ ಹೆಂಡತಿಯ ಕಾಲಿಗೆ ಬೀಳುವುದನ್ನು ಯಾವ ಊರು ಸಹಿಸುತ್ತದೆ? ಅದೂ ಈಗಷ್ಟೇ ಚಪ್ಪಾಳೆ ಗಿಟ್ಟಿಸಿದ ಗಂಡ. ಬಿಡಿಸಹೋದ ಗಂಟು ಬಿಗಿಯಿತು. ಮನೆಗೆ ಹೋಗುವಾಗ ಅವನು, "ನಿಂಗೆ ಬೇಜಾರಾ?" ಎಂದು ಕೇಳಿದನಂತೆ. "ನೀನು ಇಷ್ಟು ವರ್ಷ ಆದ ಮೇಲೆ ಇವತ್ತು ನೆಟ್ಟಗೆ ನಡೀತಿದ್ದೀಯ. ಏನಂತ ಯೋಳಲಿ?" ಎಂದಳಂತೆ ಅವಳು.

ಈ ವರ್ಷದ ತಾಲೀಮು ಶುರುವಾಗಿದೆ. ದೇವರಾಜನಿಗೆ ಮಾತು ನೆನಪಿನಲ್ಲಿ ನಿಲ್ಲುವುದಿಲ್ಲ. ನಿಲ್ಲುತ್ತಿದ್ದರೆ ಪರೀಕ್ಷೆ ದಾಟುತ್ತಿದ್ದ. ಪ್ರತಿ ಸಾಲನ್ನೂ ತಾಯಮ್ಮ ಎತ್ತಿಕೊಡಬೇಕು. ಕಳೆದ ಭಾನುವಾರ ಚಂದಾಪುರದಿಂದ ಸುಮಂಗಲಾ ಬಂದಿದ್ದಳು. ಗಂಟಲು ಸರಿಹೋಗಿದೆ, ಆದರೂ ಆ ಮುಕ್ಕಾಲು ಗಂಟೆಯನ್ನು ಹೋದ ಸಲದಂತೆಯೇ ಮಾಡಬೇಕೆಂದು ಮಂಡಳಿ ತೀರ್ಮಾನಿಸಿಬಿಟ್ಟಿದೆ. ಚಿಕ್ಕಬೈರಪ್ಪ ಹೊರಗೆ ಜಗುಲಿಯ ಮೇಲೆ ಕೂತಿದ್ದರು; ತಾಲೀಮಿನ ಹೊತ್ತಿನಲ್ಲಿ ಅವರು ಈಗ ಒಳಗೆ ಬರುವುದಿಲ್ಲ.

ದೇವರಾಜ ಕತ್ತಿ ಹಿಡಿದು ಪಡಸಾಲೆಯ ನಡುವಿಗೆ ಬಂದ. ಕಾಲಿಗೆ ಬೀಳುವ ಮೊದಲು ಎರಡು ಮಾತಿದೆ. ಮೊದಲನೆಯದನ್ನು ಅಂದ. ಎರಡನೆಯದು ಮರೆಯಿತು. ಬಾಗಿಲ ಪರದೆಯ ಕಡೆ ನೋಡಿದ.

ಪರದೆಯ ಹಿಂದಿನಿಂದ ಮಾತು ಬರಲಿಲ್ಲ. ನಾನು ಕೂತಲ್ಲಿಂದ ತಾಯಮ್ಮ ಕಾಣುತ್ತಿದ್ದಳು. ಪುಸ್ತಕ ಮುಚ್ಚಿ ಮಡಿಲಲ್ಲಿಟ್ಟುಕೊಂಡು ಗಂಡನನ್ನೇ ನೋಡುತ್ತಿದ್ದಳು. ನಾನು ಹಾರ್ಮೋನಿಯಮ್ಮಿನ ಶ್ರುತಿ ಹಿಡಿದೇ ಇದ್ದೆ. ಸುಮಂಗಲಾ ಕಾದಳು, ಪಂಚಾಕ್ಷರಿ ಕಾದರು. ದೇವರಾಜ ಕತ್ತಿಯನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸಿದ. ಎಲ್ಲರೆದುರು ಖಾಲಿ ಬಾಯಲ್ಲಿ ನಿಂತವನ ಮುಖ ಹೇಗಿರುತ್ತದೆಂದು ಅವಳಿಗೆ ನಮಗಿಂತ ಚೆನ್ನಾಗಿ ಗೊತ್ತು. ಅವನು ಮೆಲ್ಲಗೆ, "ತಾಯಾ" ಎಂದ.

ರಂಗದ ಮೇಲೆ ಇನ್ನೊಬ್ಬರನ್ನು ಹಾಗೆ ನಿಲ್ಲಿಸುವುದು ಕಲಾವಿದೆಗೆ ಬರುವ ವಿದ್ಯೆಯಲ್ಲ. ಅವಳು ಪುಸ್ತಕ ತೆರೆಯಲಿಲ್ಲ, ಅದರ ಅಗತ್ಯ ಅವಳಿಗಿಲ್ಲ. ಮಾತು ಎತ್ತಿಕೊಟ್ಟಳು. ಅವನು ಅಂದ. ಅಂದು ಸುಮಂಗಲಾಳ ಕಾಲಿಗೆ ಬಿದ್ದ. ಪರದೆಯ ಹಿಂದೆ ತಾಯಮ್ಮ ಮುಂದಿನದನ್ನು ಶುರುಮಾಡಿದಳು.